ಅರಿಯದ ಉಪಕಾರ, ಅರಿತ ಹೊಣೆ

ಮಾಗಡಿ ಸೀಮೆಯ ಮಾವಿನ ತೋಪುಗಳಲ್ಲಿ ಬಂದಳಿಕೆ ಹೂ ಬಿಟ್ಟಿತೆಂದರೆ ಸೂರಕ್ಕಿಗೆ ಸುಗ್ಗಿ. ಅಲ್ಲಿನ ಕಲ್ಯ ಎಂಬ ಊರಿನ ಸುತ್ತಮುತ್ತ ಕಾಣುವ ಈ ಹಕ್ಕಿಯ ಉದ್ದ ಸುಮಾರು 10 ಸೆಂಟಿಮೀಟರ್, ತೂಕ 10 ಗ್ರಾಂಗೂ ಕಡಿಮೆ.

ಅದು ಮಕರಂದ ಕುಡಿಯುವ ಬಗೆಯನ್ನು ಹತ್ತಿರದಿಂದ ನೋಡಬೇಕು. ಬಲಿತ ಮೊಗ್ಗನ್ನು ಬಾಗಿದ ಕೊಕ್ಕಿನಲ್ಲಿ ಮೆಲ್ಲಗೆ ಅದುಮುತ್ತದೆ. ಮೊಗ್ಗು ತಟ್ಟನೆ ಬಿರಿದು ಪರಾಗವನ್ನು ಹಕ್ಕಿಯ ಹಣೆಗೆ ಸಿಡಿಸುತ್ತದೆ. ಕೊಳವೆಯಂಥ ನಾಲಿಗೆಯಿಂದ ಹೀರಿ, ಹಣೆಯ ಮೇಲಿನ ಪರಾಗದ ಸುದ್ದಿಯೇ ಇಲ್ಲದೆ ಅದು ಮುಂದಿನ ಹೂವಿಗೆ ಹಾರುತ್ತದೆ. ಗಿಡದ ವಂಶ ಬೆಳೆಯುತ್ತದೆ.

ಕೊಟ್ಟು ಬಾಳುವ ಪಾಠವನ್ನು ಹಕ್ಕಿಯಿಂದ ಕಲಿಯಿರಿ ಎಂದು ಇಲ್ಲಿಗೇ ಮಾತು ಮುಗಿಸಬಹುದಿತ್ತು. ಆದರೆ ಕೊಕ್ಕಿಗೆ ಎಟುಕದಷ್ಟು ಉದ್ದದ ಹೂ ಸಿಕ್ಕರೆ ಇದೇ ಸೂರಕ್ಕಿ ಹೂವಿನ ಬುಡಕ್ಕೆ ತೂತು ಕೊರೆದು ಮಕರಂದ ಕದಿಯುತ್ತದೆ. ಆ ಹೂವಿಗೆ ಪ್ರತಿಫಲವೇನೂ ಇಲ್ಲ. ಇತ್ತ ಬಂದಳಿಕೆಯಾದರೂ ಮಾವಿನ ಕೊಂಬೆಗೆ ಬೇರಿಳಿಸಿ ಅದರ ನೀರು, ಲವಣಗಳನ್ನು ಎಳೆದುಕೊಂಡು ಬದುಕುವ ಗಿಡ. ಅದು ಹಬ್ಬಿದಷ್ಟೂ ಮರ ಸೊರಗುತ್ತದೆ, ರೈತನಿಗೆ ಫಸಲು ತಗ್ಗುತ್ತದೆ. ಬಂದಳಿಕೆಗೆ ಹಕ್ಕಿ ಮಾಡಿದ ಉಪಕಾರ ಮಾವಿಗೆ ಅಪಕಾರ. ಹಕ್ಕಿಗೆ ಎರಡೂ ತಿಳಿಯದು. ಆದ್ದರಿಂದ ಅದಕ್ಕೆ ಪುಣ್ಯವೂ ಇಲ್ಲ, ಪಾಪವೂ ಇಲ್ಲ.

ಮನುಷ್ಯನಿಗೆ ಆ ವಿನಾಯಿತಿ ಇಲ್ಲ. ಅದಕ್ಕೆ ಕಲ್ಯದ ಕಲ್ಲುಶಾಸನವೇ ಸಾಕ್ಷಿ. 1368ರಲ್ಲಿ ಜೈನರಿಗೂ ಶ್ರೀವೈಷ್ಣವರಿಗೂ ವ್ಯಾಜ್ಯ ಹುಟ್ಟಿದಾಗ ವಿಜಯನಗರದ ಬುಕ್ಕರಾಯ ಜೈನರ ಕೈಯನ್ನು ವೈಷ್ಣವರ ಕೈಯಲ್ಲಿಟ್ಟು, ಎರಡು ದರ್ಶನಗಳಿಗೂ ಭೇದವಿಲ್ಲವೆಂದು ತೀರ್ಪಿತ್ತ. ಆ ಶಾಸನ ಶ್ರವಣಬೆಳಗೊಳದಲ್ಲಿಯೂ ಇದೆ, ಕಲ್ಯದಲ್ಲಿಯೂ ಇದೆ. ಜೈನರ ಮನೆಮನೆಯಿಂದ ವರ್ಷಕ್ಕೊಂದು ಹಣ ಎತ್ತಿ, ಬೆಳಗೊಳದ ದೇವರಿಗೆ 20 ಮಂದಿ ಕಾವಲುಗಾರರನ್ನಿಟ್ಟು, ಉಳಿದ ಹಣದಲ್ಲಿ ಜಿನಾಲಯಗಳ ಜೀರ್ಣೋದ್ಧಾರ ಮಾಡಿಸಬೇಕೆಂಬ ಏರ್ಪಾಟು ಅದರಲ್ಲಿದೆ. ಅದನ್ನು ನಡೆಸುವ ಹೊಣೆ ಬಿದ್ದದ್ದು ತಿರುಮಲೆಯ ತಾತಯ್ಯನೆಂಬ ವೈಷ್ಣವನ ಮೇಲೆ.

ಎದುರು ಪಕ್ಷದ ದೇವರಿಗೆ ಕಾವಲು ಒದಗಿಸುವುದು ಹಸಿವೆಯ ಬೆನ್ನುಹತ್ತಿ ಆಗುವ ಕೆಲಸವಲ್ಲ. ಕೆಡಿಸುವ ಬಲ ತನಗಿದೆಯೆಂದು ಗೊತ್ತಿದ್ದವನು ಕಾಯಲು ಒಪ್ಪಿದಾಗ ಮಾತ್ರ ಅದು ಆಗುತ್ತದೆ. ನಿಸರ್ಗ ನಮಗೆ ಅಚ್ಚರಿ ಕೊಡುತ್ತದೆ, ಅನ್ನ ಕೊಡುತ್ತದೆ. ನೀತಿಯನ್ನು ಮಾತ್ರ ನಾವೇ ಯೋಚಿಸಿ, ನಾವೇ ಒಪ್ಪಿ, ನಾವೇ ಪಾಲಿಸಬೇಕು.