ಯಾರ ನೋವು?

ಜರ್ಮನ್ ಷೆಪರ್ಡ್ ಮುಂತಾದ ತಳಿಯ ನಾಯಿಗಳಿಗೆ ಮುಪ್ಪಿನಲ್ಲಿ ಬೆನ್ನುಹುರಿ ಕ್ಷಯಿಸುವ ರೋಗವೊಂದುಂಟು. ಹಿಂಗಾಲುಗಳು ಮೊದಲು ತಡವರಿಸಿ, ಕ್ರಮೇಣ ಶಕ್ತಿಗುಂದುತ್ತವೆ. 2009ರಲ್ಲಿ ಇದರ ಆನುವಂಶಿಕ ಮೂಲ ತಿಳಿದರೂ, ಗುಣಪಡಿಸುವ ಔಷಧವಿಲ್ಲ. ಕಾಲೆಳೆಯುವ ಜೀವವನ್ನು ಕಂಡು, ಚುಚ್ಚುಮದ್ದಿನಿಂದ ಅದರ ನೋವನ್ನು ಮುಗಿಸಿರೆಂದು ಹೇಳುವವರುಂಟು. ಆದರೆ ಈ ರೋಗವು ಸ್ವತಃ ನೋಯಿಸುವುದಿಲ್ಲ. ಮಲಗಿದಲ್ಲೇ ಏಳುವ ಹುಣ್ಣು, ನೆಲಕ್ಕುಜ್ಜಿದ ಪಾದ, ಮೂತ್ರದ ಸೋಂಕು, ಭಾರ ಹೊತ್ತು ದಣಿದ ಮುಂಗಾಲು, ಇವು ನೋಯಿಸುತ್ತವೆ. ಮೆತ್ತನೆಯ ಹಾಸಿಗೆ, ಮಗ್ಗುಲು ಬದಲಿಸುವುದು, ಶುಚಿತ್ವ, ನಿತ್ಯದ ಮಿತವಾದ ವ್ಯಾಯಾಮ, ಹೊಟ್ಟೆಗೆ ಆಧಾರದ ಪಟ್ಟಿ, ಇವುಗಳಿಂದ ಬಹುಪಾಲು ತಪ್ಪಿಸಬಹುದು.

ತತ್ತ್ವಾರ್ಥಸೂತ್ರವು ಹಿಂಸೆಯನ್ನು ಪ್ರಮಾದದೊಡನೆ ಸೇರಿಸಿಯೇ ಹೇಳಿದೆ. ಹುಣ್ಣಾಗಲು ಬಿಡುವುದೂ ಪ್ರಮಾದವೇ. ರೋಗವು ಕಡೆಗೆ ಉಸಿರಾಟವನ್ನು ಮುಟ್ಟಿದಾಗ ಪ್ರಶ್ನೆ ನಿಜಕ್ಕೂ ಕಠಿಣ. ಅದಕ್ಕೆ ಮೊದಲು, ನಾಯಿಯ ನೋವೆಂದು ಬರೆದ ಲೆಕ್ಕದಲ್ಲಿ ತನ್ನ ಬೇಸರವೆಷ್ಟು ಸೇರಿದೆಯೆಂದು ಒಡೆಯನು ಪ್ರಾಮಾಣಿಕವಾಗಿ ಎಣಿಸಬೇಕು.