ರೆಡ್‌ಫರ್ನ್‌ನಲ್ಲಿ ಬೆಂಕಿ ಹಚ್ಚಿ ಕೂತವರು

ಸಿಡ್ನಿಯ ರೆಡ್‌ಫರ್ನ್ ರೈಲು ನಿಲ್ದಾಣಕ್ಕೆ ಅಂಟಿಕೊಂಡಂತೆ ‘ದಿ ಬ್ಲಾಕ್’ ಎಂಬ ಕೇರಿಯಿದೆ. ಅದು ಗಾಡಿಗಲ್ ಜನರ ನೆಲ. 1788ರಲ್ಲಿ ಬಂದಿಳಿದ ಬ್ರಿಟಿಷರು ಅದನ್ನು ಯಾರಿಂದಲೂ ಕೊಳ್ಳಲಿಲ್ಲ. ಮೂಲನಿವಾಸಿಗಳು ಮಾತ್ರ ತಮ್ಮದೇ ನೆಲದ ಒಂದು ಚೂರನ್ನು ದುಡ್ಡು ಕೊಟ್ಟೇ ಪಡೆಯಬೇಕಾಯಿತು. 1973ರಲ್ಲಿ ಪ್ರಧಾನಿ ವಿಟ್ಲಮ್ ಸರ್ಕಾರದ ಅನುದಾನ ದೊರೆತು, ಅವರೇ ಕಟ್ಟಿಕೊಂಡ ಅಬಾರಿಜಿನಲ್ ಹೌಸಿಂಗ್ ಕಂಪನಿ ಅಲ್ಲಿನ ಹಳೆಯ ಸಾಲುಮನೆಗಳನ್ನು ಕೊಳ್ಳತೊಡಗಿತು.

ಹಳ್ಳಿಗಾಡಿನಿಂದ ಕೆಲಸ ಹುಡುಕಿ ಬಂದವರು ರೈಲಿಳಿದರೆ ಇಲ್ಲಿ ಬಂಧುಗಳು ಸಿಗುತ್ತಿದ್ದರು, ಇಲ್ಲವೇ ಅವರ ಸುದ್ದಿ ಹೇಳುವವರು ಸಿಗುತ್ತಿದ್ದರು. ದೊಡ್ಡ ನಗರದಲ್ಲಿ ಮನೆಯೆಂದರೆ ಮುಖ್ಯವಾಗಿ ಇದೇ ಎಂದು ನನಗನ್ನಿಸುತ್ತದೆ: ನೀನು ಯಾರ ಪೈಕಿ ಎಂದು ಕೇಳುವ ಜನ ಇರುವ ಜಾಗ.

ಬಡತನ, ಮಾದಕವಸ್ತು, ಪೊಲೀಸರೊಂದಿಗಿನ ಜಗಳ ಕೇರಿಯನ್ನು ಹಣ್ಣುಮಾಡಿದವು. ಮನೆಗಳು ಒಂದೊಂದಾಗಿ ಉರುಳಿದವು, ಜನ ಚೆದುರಿದರು. ಆಮೇಲೆ ಬಂದದ್ದು ಕೇರಿಯನ್ನು ಮತ್ತೆ ಕಟ್ಟುವ ಕಂಪನಿಯ ಪೆಮುಲ್ವುಯ್ ಯೋಜನೆ. ಬ್ರಿಟಿಷರ ವಿರುದ್ಧ ಹೋರಾಡಿ 1802ರಲ್ಲಿ ಹತನಾದ ವೀರನ ಹೆಸರು ಅದಕ್ಕೆ. ಆದರೆ ಮೊದಲು ಏಳಬೇಕಾದದ್ದು ಅಂಗಡಿ, ಕಚೇರಿ, ವಿದ್ಯಾರ್ಥಿ ವಸತಿ; ಮೂಲನಿವಾಸಿಗಳ ಮನೆ ಆಮೇಲೆ.

ಇದನ್ನು ವಿರೋಧಿಸಿ 2014ರ ಮೇ 26ರಂದು ವಿರಾಜುರಿ ಸಮುದಾಯದ ಹಿರಿಯೆ ಜೆನ್ನಿ ಮನ್ರೋ ಮತ್ತು ಸಂಗಾತಿಗಳು ಆ ಖಾಲಿ ಹುಲ್ಲುನೆಲದಲ್ಲಿ ಡೇರೆ ಹಾಕಿದರು, ಬೆಂಕಿ ಹಚ್ಚಿದರು. ಹತ್ತಿರದ ಜಿಮ್‌ನ ಗೋಡೆಯ ಮೇಲೆ ಕಪ್ಪು, ಕೆಂಪು, ಹಳದಿಯ ಮೂಲನಿವಾಸಿಗಳ ಧ್ವಜ ಆಳೆತ್ತರ ಮೀರಿ ನಿಂತಿತ್ತು.

ಎದುರಿಗಿದ್ದದ್ದು ಅವರದೇ ಕಂಪನಿ. ಈ ಕಥೆಯ ಸಂಕಟವೆಲ್ಲ ಇಲ್ಲಿದೆ. ಸರ್ಕಾರ ಹಣ ಕೊಡುತ್ತಿಲ್ಲ, ನೆಲದಿಂದಲೇ ದುಡ್ಡು ಹುಟ್ಟಬೇಕು ಎಂಬ ಕಂಪನಿಯ ಮಾತು ಸುಳ್ಳಲ್ಲ. ಆದರೂ ನನ್ನ ಮನಸ್ಸು ಡೇರೆಯವರ ಕಡೆಗೇ. ಎರಡು ಶತಮಾನದಿಂದ ‘ಆಮೇಲೆ’ ಎಂಬ ಮಾತನ್ನೇ ಕೇಳಿದವರು ಇನ್ನೊಮ್ಮೆ ಅದನ್ನು ನಂಬುವುದು ಹೇಗೆ? ಮನೆಗಾಗಿ ಕೊಂಡ ನೆಲ ಮೊದಲು ಬಾಡಿಗೆ ತರುವ ಆಸ್ತಿಯಾದರೆ, ಅದನ್ನು ಕೊಂಡ ಕಾರಣವೇ ಹಿಂದೆ ಸರಿಯುತ್ತದೆ. ಚೆದುರಿದ ಕುಟುಂಬಗಳು ಅಷ್ಟು ಕಾಲ ಕಾದಿರುವುದಿಲ್ಲ. ಮಕ್ಕಳು ಬೇರೆಲ್ಲೋ ಬೆಳೆದುಬಿಡುತ್ತಾರೆ.

2015ರ ಆಗಸ್ಟ್‌ನಲ್ಲಿ ನ್ಯಾಯಾಲಯ ಕಂಪನಿಯ ಹಕ್ಕನ್ನೇ ಎತ್ತಿಹಿಡಿಯಿತು. ಆದರೆ ಅದೇ ಹೊತ್ತಿಗೆ ಕೇಂದ್ರ ಸರ್ಕಾರ 50 ಲಕ್ಷ ಡಾಲರ್ ಕೊಡಲು ಒಪ್ಪಿತು, ಡೇರೆಗಳು ತೆರವಾದವು. ಇವತ್ತು ಅಲ್ಲಿ ಮೂಲನಿವಾಸಿಗಳಿಗಾಗಿ ಕಟ್ಟಿದ 62 ಮನೆಗಳಿವೆ. ವಿದ್ಯಾರ್ಥಿಗಳ 24 ಅಂತಸ್ತಿನ ಗೋಪುರವೂ ಇದೆ. ಹದಿನೈದು ತಿಂಗಳು ಡೇರೆಯವರು ಚಳಿಯಲ್ಲಿ ಕೂರದಿದ್ದರೆ ಸರ್ಕಾರ ಕೈಬಿಚ್ಚುತ್ತಿರಲಿಲ್ಲ ಎಂಬುದು ನನ್ನ ಖಚಿತ ನಂಬಿಕೆ.