ಜಾತಿ ದನ, ಹೆಸರಿಲ್ಲದ ದನ

ನಮ್ಮ ಕಡೆ ದನದ ಸಂತೆಯಲ್ಲಿ ಕೇಳುವ ಮೊದಲ ಮಾತು, “ಇದು ಯಾವ ಜಾತೀದ್ರೀ?” ಊರಿಗೆ ಹೊಸದಾಗಿ ಬಂದ ಮಾಸ್ತರರಿಗೆ ಬಾಡಿಗೆ ಮನೆ ಕೊಡುವವರು ಕೇಳುವುದೂ ಇದನ್ನೇ. ದನಕ್ಕೂ ಮನುಷ್ಯರಿಗೂ ಒಂದೇ ಶಬ್ದ. ಆ ಶಬ್ದವನ್ನೇ ಸುಡಬೇಕೆಂದು ಹೊರಟವರು ನಾವು. ಹಾಗಿರುವಾಗ, ಅಳಿದುಹೋಗುತ್ತಿರುವ ಒಂದು ದನದ ತಳಿಯನ್ನು ಉಳಿಸಿರಿ ಎಂದು ಯಾವ ಬಾಯಿಂದ ಹೇಳಬೇಕು?

ನವಲಗುಂದ, ಅಣ್ಣಿಗೇರಿಯ ಎರೆಭೂಮಿ ಬಿಟ್ಟು, ಕಲಘಟಗಿ ದಾಟಿ ಯಲ್ಲಾಪುರದ ಹಾದಿ ಹಿಡಿದರೆ ಕಾಡು ಸುರುವಾಗುತ್ತದೆ. ಅಲ್ಲಿಂದ ಘಟ್ಟದ ಉದ್ದಕ್ಕೂ ಇರುವುದು ಮಲೆನಾಡು ಗಿಡ್ಡ. ಎತ್ತರ ಸುಮಾರು ಮೂರು ಅಡಿ. ಹಾಲು ದಿನಕ್ಕೆ ಒಂದು ಲೀಟರು, ಹೆಚ್ಚೆಂದರೆ ಎರಡು. ಮುಂಜಾನೆ ಬಿಟ್ಟರೆ ತಾನೇ ಗುಡ್ಡ ಹತ್ತಿ ಮೇಯುತ್ತದೆ, ಸಂಜೀಕ ತಾನೇ ಮನೀಗೆ ಬರುತ್ತದೆ. ಜಡಿಮಳೆಗೆ ಜಗ್ಗುವುದಿಲ್ಲ. ರೋಗಕ್ಕೆ ಬೇಗ ಬಗ್ಗುವುದಿಲ್ಲ. ಹಿಂಡಿ, ಬೂಸಾ ಕೊಳ್ಳಲು ರೊಕ್ಕ ಇಲ್ಲದವನೂ ಸಾಕಬಹುದಾದ ದನ ಇದು. ಹೊಲ ಇಲ್ಲದವನಿಗೂ ಗೊಬ್ಬರ ಕೊಟ್ಟು ನಾಲ್ಕು ಕಾಸು ಕಾಣಿಸುವ ದನ.

ಅಮೃತಮಹಲ್ ದನವನ್ನು ಮೈಸೂರಿನ ದೊರೆಗಳು ದಂಡಿನ ಸಾಮಾನು ಎಳೆಯಲು ಬೆಳೆಸಿದರು. ಕೃಷ್ಣಾ, ಮಲಪ್ರಭಾ ದಂಡೆಯ ಎರೆಭೂಮಿಗೆ ಹೇಳಿ ಮಾಡಿಸಿದಂಥ ಕೃಷ್ಣಾ ಕಣಿವೆ ತಳಿಯ ಹಿಂದೆ ಸಾಂಗಲಿಯ ಪಟವರ್ಧನ ಸಂಸ್ಥಾನಿಕರಿದ್ದರು. ಟ್ರ್ಯಾಕ್ಟರ್ ಬಂದ ಮೇಲೆ ಆ ಎತ್ತುಗಳೂ ವಿರಳವಾದವು. ಆದರೆ ಅವಕ್ಕೆ ಹೆಸರಿತ್ತು, ದಾಖಲೆಯಿತ್ತು. ಗಿಡ್ಡವನ್ನು ಯಾವ ಅರಸನೂ ಸಾಕಲಿಲ್ಲ. ಬಹಳ ಕಾಲ ಸರಕಾರಿ ಲೆಕ್ಕದಲ್ಲಿ ಅದು ಯಾವ ತಳಿಯೆಂದು ಹೇಳಲಾಗದ ದನಗಳ ಗುಂಪಿನಲ್ಲೇ ಬಿದ್ದಿತ್ತು. ಕರ್ನಾಲದ ರಾಷ್ಟ್ರೀಯ ಸಂಸ್ಥೆ ಅದನ್ನು ತಳಿಯೆಂದು ಪಟ್ಟಿಗೆ ಸೇರಿಸಿದ್ದು ಈ ಶತಮಾನದಲ್ಲಿ. ಅಷ್ಟರೊಳಗೆ ಜರ್ಸಿ, ಹೋಲ್‌ಸ್ಟೀನ್ ವೀರ್ಯ ಕೊಟ್ಟು ಅದನ್ನು “ಸುಧಾರಿಸುವ” ಕೆಲಸ ದಶಕಗಟ್ಟಲೆ ನಡೆದಿತ್ತು. ಮೊದಲು ಹೆಸರಿಲ್ಲದವರು ಅನ್ನುವುದು, ಆಮೇಲೆ ಸುಧಾರಿಸುತ್ತೇವೆ ಅನ್ನುವುದು. ಈ ವರಸೆ ನಮಗೆ ಗೊತ್ತಿಲ್ಲದ್ದೇನಲ್ಲ.

ಈಗ ಕಷ್ಟದ ಪ್ರಶ್ನೆ. “ದನದಾಗ ತಳಿ ಶುದ್ಧ ಇರಬೇಕಂದ್ರ, ಮನಶ್ಯಾರಾಗ ಯಾಕ ಬ್ಯಾಡ?” ಎಂದು ಯಾರಾದರೂ ಕೇಳಿಯೇ ಕೇಳುತ್ತಾರೆ. ಜಾತಿ ರಕ್ತಶುದ್ಧಿಯನ್ನು ಕಾಯುತ್ತದೆ ಎಂಬ ವಾದವನ್ನು ಅಂಬೇಡ್ಕರರು 1936ರ ‘ಜಾತಿ ವಿನಾಶ’ದಲ್ಲೇ ಬಿಡಿಸಿ ಒಗೆದಿದ್ದಾರೆ. ಜಾತಿ ಎಂಬುದು ಯಾರೊಡನೆ ಉಣ್ಣಬೇಕು, ಯಾರನ್ನು ಮದುವೆಯಾಗಬೇಕು ಎಂದು ಮನುಷ್ಯರೇ ಹಾಕಿದ ಬೇಲಿ. ಗಿಡ್ಡ ಬೇಲಿಯಿಂದ ಹುಟ್ಟಿದ್ದಲ್ಲ. ಕಾಡಿನಲ್ಲಿ ಬಿಟ್ಟು ಮೇಯಿಸಿದ ದನಕ್ಕೆ ಹೋರಿ ಆರಿಸಿ ಕೊಟ್ಟವರು ಕಡಿಮೆ. ಅದನ್ನು ತಿದ್ದಿದ್ದು ಮಳೆ, ಇಳಿಜಾರು, ಬಡಕಲು ಹುಲ್ಲು ಮತ್ತು ಬಡವನ ಕೊಟ್ಟಿಗೆ. ಆದ್ದರಿಂದ ನಾವು ಉಳಿಸಿ ಎನ್ನುವುದು ರಕ್ತವನ್ನಲ್ಲ, ಈ ಸಂಬಂಧವನ್ನು. ಕಾಡಿಗೆ ಹೋಗುವ ಹಾದಿ ಮುಚ್ಚಿ, ವೀರ್ಯವನ್ನು ನಳಿಕೆಯಲ್ಲಿ ಹೆಪ್ಪುಗಟ್ಟಿಸಿ ಇಟ್ಟರೆ ರಕ್ತ ಉಳಿದೀತು, ಗಿಡ್ಡ ಉಳಿಯುವುದಿಲ್ಲ.

ಗೋವನ್ನು ತಾಯಿ ಎನ್ನುವವರು ಬಹಳ ಮಂದಿ ಇದ್ದಾರೆ. ತಾಯಿ ಸತ್ತಾಗ ಎಳೆಯಲು ಮಾತ್ರ ನಮ್ಮ ಕೇರಿಗೆ ಹೇಳಿಕಳಿಸುತ್ತಿದ್ದರು. 1927ರಲ್ಲಿ ಮಹಾಡದಲ್ಲಿ ಅಂಬೇಡ್ಕರರು ಸತ್ತ ದನದ ಮಾಂಸ ಬಿಡಿ ಎಂದರು. ನಾವು ಬಿಟ್ಟೆವು, ಎಳೆಯುವುದನ್ನೂ ಬಿಟ್ಟೆವು. ಅದು ದನದ ಮೇಲಿನ ಸಿಟ್ಟಲ್ಲ, ನಮ್ಮ ಮಾನದ ಮಾತು. 1964ರ ಕಾಯ್ದೆಯಲ್ಲಿ 12 ವರ್ಷ ಮೀರಿದ ಎತ್ತನ್ನು ಕಸಾಯಿಗೆ ಮಾರಲು ದಾರಿಯಿತ್ತು. 2020ರ ಕಾಯ್ದೆ ಅದನ್ನೂ ಮುಚ್ಚಿತು. ವಧೆಗೆ 3ರಿಂದ 7 ವರ್ಷ ಜೈಲು ಎಂದಿತು. ಮುದಿ ಹೋರಿಯನ್ನು ಸಾಯುವ ತನಕ ಸಾಕಲಾಗದ ಬಡವ, ಎಳೆಗರುವನ್ನು ಕಟ್ಟಲಿಕ್ಕೇ ಹಿಂಜರಿಯುತ್ತಾನೆ. ಪೂಜಿಸುವವನಿಗೆ ಈ ಲೆಕ್ಕ ತಿಳಿಯುವುದಿಲ್ಲ. ಸಗಣಿ ಬಳಿಯುವವಳಿಗೆ ತಿಳಿಯುತ್ತದೆ.

ಇನ್ನು ನಮ್ಮನ್ನೇ ಕೇಳಿಕೊಳ್ಳಬೇಕಾದ ಮಾತೊಂದಿದೆ. ಊರಿನ 100 ದನಕ್ಕೆ 12 ಹೆಕ್ಟೇರು ಗೋಮಾಳ ಬಿಡಬೇಕೆಂದು ನಿಯಮವಿದೆ. ಅದೇ ಗೋಮಾಳದಲ್ಲಿ ಎರಡೆಕರೆ ಕೊಡಿ ಎಂದು ಭೂಹೀನ ದಲಿತರು ಹೋರಾಡಿದ್ದಾರೆ, ನಾವೂ ಅವರೊಡನೆ ಘೋಷಣೆ ಕೂಗಿದ್ದೇವೆ. ಅದು ತಪ್ಪಲ್ಲ. ಸಾಹುಕಾರನ ನೂರೆಕರೆಗೆ ಕೈ ಹಚ್ಚಲಾರದ ಸರಕಾರ ಬಡವನ ನೇಗಿಲನ್ನು ಬಡವನ ಆಕಳ ಹುಲ್ಲಿನ ಮೇಲೆ ಹೂಡಿಸಿತು. ಆದರೆ ಒಬ್ಬ ಬಡವನಿಗೆ ಹೊಲ ಸಿಕ್ಕಾಗ ಇನ್ನೊಬ್ಬ ಬಡವಿಯ ದನ ಎಲ್ಲಿ ಮೇದೀತು ಎಂದು ನಾವೂ ಆಗ ಕೇಳಲಿಲ್ಲ.

ಈಗಲಾದರೂ ಕೇಳೋಣ. ಹಳ್ಳಿಯ ಮಾಸ್ತರರೇ, ಹುಡುಗರನ್ನು ಕಟ್ಟಿಕೊಂಡು ಊರಿನ ನಕಾಶೆ ಬಿಚ್ಚಿರಿ. ದನ ಎಷ್ಟು, ಗೋಮಾಳ ಎಷ್ಟು, ಅದರಲ್ಲಿ ದೊಡ್ಡವರ ಬೇಲಿಯೊಳಗೆ ಹೋದದ್ದೆಷ್ಟು ಎಂದು ಲೆಕ್ಕ ಹಾಕಿಸಿ ಗ್ರಾಮಸಭೆಗೆ ತನ್ನಿರಿ. ಭೂಮಿಯ ಪ್ರಶ್ನೆ ಕೇಳದೆ ದನದ ಮೇಲೆ ತೋರಿಸುವ ಕರುಣೆಯನ್ನು ನಾವು ನಂಬುವುದಿಲ್ಲ.